ಲಿಮರಿಕ್‌ನ ‘ಜಾಂಬಿ’: ಇದು ಯಾರ ಹಾಡು?

ಐರ್ಲೆಂಡಿನ ಲಿಮರಿಕ್‌ನಲ್ಲಿ ರಗ್ಬಿ ಪಂದ್ಯ ಗೆದ್ದ ರಾತ್ರಿ ಪಬ್‌ಗಳಲ್ಲಿ ಒಂದು ಹಾಡು ಬಂದೇ ಬರುತ್ತದೆ. ಕ್ರ್ಯಾನ್‌ಬೆರೀಸ್ ಬ್ಯಾಂಡಿನ ‘ಜಾಂಬಿ’. ತೊಂಬತ್ತರ ದಶಕದಲ್ಲಿ ಎಂಟಿವಿ ನೋಡಿದವರಿಗೆ ನೆನಪಿರುತ್ತದೆ: ಮೈಗೆಲ್ಲ ಚಿನ್ನದ ಬಣ್ಣ ಬಳಿದುಕೊಂಡು, ದೊಡ್ಡ ಶಿಲುಬೆಯ ಮುಂದೆ ನಿಂತು ಹಾಡುವ ಹೆಣ್ಣುಮಗಳು. ಆಕೆ ಡೊಲೊರೆಸ್ ಒರಿಯೊರ್ಡನ್, ಲಿಮರಿಕ್ ಪಕ್ಕದ ಬ್ಯಾಲಿಬ್ರಿಕನ್ ಎಂಬ ಹಳ್ಳಿಯವಳು. ಊರಿನ ಗೋಡೆಗಳ ಮೇಲೆ ಈಗಲೂ ಅವಳ ಚಿತ್ರಗಳಿವೆ.

ಹಾಡಿನ ಹಿಂದೆ ಇರುವುದು ಎರಡು ಮಕ್ಕಳ ಸಾವು. 1993ರ ಮಾರ್ಚ್ 20, ಶನಿವಾರ. ಇಂಗ್ಲೆಂಡಿನ ವಾರಿಂಗ್ಟನ್ ಪಟ್ಟಣ. ಮರುದಿನ ಅಲ್ಲಿ ತಾಯಂದಿರ ದಿನ, ಹಾಗಾಗಿ ಬ್ರಿಡ್ಜ್ ಸ್ಟ್ರೀಟ್ ತುಂಬ ಜನ. ಉತ್ತರ ಐರ್ಲೆಂಡನ್ನು ಬ್ರಿಟನ್‌ನಿಂದ ಬಿಡಿಸಿ ಐರ್ಲೆಂಡಿಗೆ ಸೇರಿಸಲು ಶಸ್ತ್ರ ಹಿಡಿದಿದ್ದ ಐಆರ್‌ಎ ಎಂಬ ಗುಂಪು ಕಸದ ಡಬ್ಬಿಗಳಲ್ಲಿ ಇಟ್ಟಿದ್ದ ಎರಡು ಬಾಂಬ್ ಸಿಡಿದವು. 3 ವರ್ಷದ ಮಗು ಅಲ್ಲೇ ಸತ್ತಿತು. 12 ವರ್ಷದ ಹುಡುಗ ಐದು ದಿನದ ನಂತರ ಆಸ್ಪತ್ರೆಯಲ್ಲಿ ತೀರಿಕೊಂಡ.

ಡೊಲೊರೆಸ್‌ಗೆ ಆಗ 21 ವರ್ಷ. ಬ್ಯಾಂಡಿನ ಜೊತೆ ಇಂಗ್ಲೆಂಡ್ ಸುತ್ತುತ್ತಿದ್ದಳು. ಸುದ್ದಿ ಅವಳನ್ನು ಬಿಡಲಿಲ್ಲ. ಲಿಮರಿಕ್‌ನ ತನ್ನ ಫ್ಲ್ಯಾಟ್‌ನಲ್ಲಿ, ರಾತ್ರಿ ಹೊತ್ತು, ಮೊದಲು ಅಕೂಸ್ಟಿಕ್ ಗಿಟಾರ್‌ನಲ್ಲೇ ಹಾಡು ಕಟ್ಟಿದಳು. ಆಮೇಲೆ ರಿಹರ್ಸಲ್‌ನಲ್ಲಿ ಎಲೆಕ್ಟ್ರಿಕ್ ಗಿಟಾರ್ ಹಿಡಿದು, ಸದ್ದು ಒರಟು ಮಾಡಿ, ಡ್ರಮ್ಮರ್ ಫರ್ಗಲ್ ಲಾಲರ್‌ಗೆ ಜೋರಾಗಿ ಬಾರಿಸು ಅಂದಳಂತೆ. ಅದಕ್ಕೂ ಮುಂಚೆ ಈ ಬ್ಯಾಂಡ್ ಮೆದುವಾದ ಹಾಡುಗಳಿಗೆ ಹೆಸರಾಗಿತ್ತು. ಇಷ್ಟು ಸಿಟ್ಟು ಅವರಿಂದ ಯಾರೂ ಕೇಳಿರಲಿಲ್ಲ.

ಆ ದನಿಯ ಬಗ್ಗೆ ಹೇಳಲೇಬೇಕು. ಪಲ್ಲವಿಯಲ್ಲಿ ದನಿ ಸುಮ್ನೆ ಏರುವುದಿಲ್ಲ, ನಡುವೆ ಒಡೆಯುತ್ತದೆ. ಸತ್ತವರ ಮನೆಯಲ್ಲಿ ಹೆಂಗಸರು ಹಾಡಿಕೊಂಡು ಅಳುವ ರೂಢಿ ನಮ್ಮ ಹಳ್ಳಿಗಳಲ್ಲಿ ಇದೆಯಲ್ವಾ, ಐರ್ಲೆಂಡಿನಲ್ಲೂ ಹಿಂದೆ ಇತ್ತು. ಅದು ಗೊತ್ತಾದ ಮೇಲೆ ನನಗೆ ಈ ಹಾಡು ಬೇರೆಯಾಗಿಯೇ ಕೇಳಿಸತೊಡಗಿತು. ಇದು ರಾಕ್ ಗಿಟಾರ್ ಮೇಲೆ ಕೂತ ಶೋಕ.

1994ರ ಸೆಪ್ಟೆಂಬರ್‌ನಲ್ಲಿ ಸಿಂಗಲ್ ಹೊರಬಂತು. ಐಆರ್‌ಎ ಕದನವಿರಾಮ ಘೋಷಿಸಿ ಆಗಿನ್ನೂ ಕೆಲವೇ ವಾರ ಕಳೆದಿತ್ತು. ವಿಡಿಯೋದಲ್ಲಿ ಉತ್ತರ ಐರ್ಲೆಂಡಿನ ಬೆಲ್‌ಫಾಸ್ಟ್ ಬೀದಿಗಳ ನಿಜವಾದ ದೃಶ್ಯಗಳಿದ್ದವು: ಬಂದೂಕು ಹಿಡಿದ ಬ್ರಿಟಿಷ್ ಸೈನಿಕರು, ಗೋಡೆ ಹತ್ತಿ ಆಡುವ ಮಕ್ಕಳು. ಬಿಬಿಸಿ ಅದನ್ನು ಹಾಗೇ ತೋರಿಸಲು ಒಪ್ಪಲಿಲ್ಲ. ಆದರೂ ಆಸ್ಟ್ರೇಲಿಯಾ, ಜರ್ಮನಿ, ಫ್ರಾನ್ಸ್‌ಗಳಲ್ಲಿ ಹಾಡು ಮೊದಲ ಸ್ಥಾನಕ್ಕೇರಿತು. ಬ್ರಿಟನ್‌ನಲ್ಲಿ ಮಾತ್ರ 14ಕ್ಕೇ ನಿಂತಿತು. 1995ರಲ್ಲಿ ಎಂಟಿವಿ ಯುರೋಪ್ ಪ್ರಶಸ್ತಿಗಳಲ್ಲಿ ವರ್ಷದ ಅತ್ಯುತ್ತಮ ಹಾಡಾಯಿತು. 2020ರಲ್ಲಿ ಯೂಟ್ಯೂಬ್‌ನಲ್ಲಿ 100 ಕೋಟಿ ವೀಕ್ಷಣೆ ದಾಟಿತು. ಅದನ್ನು ನೋಡಲು ಡೊಲೊರೆಸ್ ಇರಲಿಲ್ಲ. 2018ರ ಜನವರಿ 15ರಂದು, 46ನೇ ವಯಸ್ಸಿಗೆ, ಲಂಡನ್‌ನಲ್ಲಿ ತೀರಿಕೊಂಡಿದ್ದಳು.

ಈ ಹಾಡಿನ ಬಗ್ಗೆ ಜಗಳ ಎದ್ದದ್ದು 2023ರ ಸೆಪ್ಟೆಂಬರ್ 23ರಂದು. ಪ್ಯಾರಿಸ್‌ನಲ್ಲಿ ರಗ್ಬಿ ವಿಶ್ವಕಪ್. ಐರ್ಲೆಂಡ್ 13-8ರಿಂದ ದಕ್ಷಿಣ ಆಫ್ರಿಕಾವನ್ನು ಸೋಲಿಸಿತು. ಸ್ಟೇಡಿಯಂನಲ್ಲಿ ‘ಜಾಂಬಿ’ ಹಾಕಿದರು, ಹಸಿರು ಅಂಗಿಯ ಸಾವಿರಾರು ಜನ ದನಿಗೂಡಿಸಿದರು. ಮರುದಿನದಿಂದಲೇ ಪ್ರಶ್ನೆ ಶುರು: ಇಂಥ ಹಾಡನ್ನು ಗೆಲುವಿನ ಹಾಡು ಮಾಡಬಹುದಾ?

ನನ್ನ ಜೊತೆ ಕೆಲಸ ಮಾಡುವ, ಉತ್ತರ ಐರ್ಲೆಂಡಿನ ಡೆರಿ ಕಡೆಯವನೊಬ್ಬ ಈ ಹಾಡು ಬಂದರೆ ಗ್ಲಾಸ್ ಕೆಳಗಿಟ್ಟು ಸುಮ್ಮನಾಗುತ್ತಾನೆ. ಹಾಡಿನಲ್ಲಿ ಒಂದು ಕಡೆ, ಇದನ್ನು ಮಾಡಿದ್ದು ನಾನಲ್ಲ, ನನ್ನ ಮನೆಯವರೂ ಅಲ್ಲ ಎಂಬ ಅರ್ಥ ಬರುತ್ತದೆ. ಅವನಿಗೆ ಚುಚ್ಚುವುದು ಅದೇ. “ದಕ್ಷಿಣ ಐರ್ಲೆಂಡಿನವರು ಹಾಗೆ ಹೇಳಿ ಕೈ ತೊಳೆದುಕೊಳ್ಳಬಹುದು. ನಮ್ಮ ಬೀದಿಯಲ್ಲೇ ಸೈನ್ಯ ಇತ್ತು” ಅಂದ. ಅವನ ಊರಿನಲ್ಲಿ 1972ರ ಜನವರಿ 30ರಂದು ಬ್ರಿಟಿಷ್ ಸೈನಿಕರು ಮೆರವಣಿಗೆಯ ಮೇಲೆ ಗುಂಡು ಹಾರಿಸಿ, ಅದೇ ದಿನ 13 ಜನ ಸತ್ತರು. ಉತ್ತರ ಐರ್ಲೆಂಡಿನ ಆ ಮೂವತ್ತು ವರ್ಷಗಳ ಸಂಘರ್ಷದಲ್ಲಿ 3,500ಕ್ಕೂ ಜಾಸ್ತಿ ಜನ ಪ್ರಾಣ ಬಿಟ್ಟಿದ್ದಾರೆ. ಅವನ ಮಾತನ್ನು ತಳ್ಳಿಹಾಕಲು ನನ್ನಿಂದ ಆಗಲ್ಲ.

ಆದರೂ ನಾನು ಹಾಡಿನ ಪರ. ಡೊಲೊರೆಸ್ ಒಂದು ಇಡೀ ಯುದ್ಧದ ಲೆಕ್ಕ ಬರೆಯಲು ಕೂತವಳಲ್ಲ. ಮಗು ಕಳೆದುಕೊಂಡ ಒಬ್ಬ ತಾಯಿಯ ಸಂಕಟ ಹೇಳಿದಳು, ಅಷ್ಟೇ. ತನ್ನ ದೇಶದ ಹೆಸರಲ್ಲಿ ಮಕ್ಕಳನ್ನು ಕೊಂದವರಿಗೆ ‘ನನ್ನ ಹೆಸರು ಎತ್ತಬೇಡಿ’ ಎನ್ನಲು ಆಗ ಧೈರ್ಯ ಬೇಕಿತ್ತು. ವಾರಿಂಗ್ಟನ್‌ನ ಆ 12 ವರ್ಷದ ಹುಡುಗನ ತಂದೆಗೆ ಈ ಹಾಡು ತನ್ನ ಮಗ ಸತ್ತ ಘಟನೆಯ ಮೇಲೆ ಹುಟ್ಟಿದ್ದೆಂದು ಗೊತ್ತಾದದ್ದು ಡೊಲೊರೆಸ್ ಸತ್ತ ಮೇಲೆ. ಪದಗಳನ್ನು ಗಮನವಿಟ್ಟು ಕೇಳಿ, ಅವು ಭವ್ಯವಾಗಿವೆ, ನಿಜವಾಗಿವೆ ಎಂದು ಆತ ರೇಡಿಯೋದಲ್ಲಿ ಹೇಳಿದರು. ಆ ತಂದೆಯ ಮಾತಿಗಿಂತ ದೊಡ್ಡ ವಿಮರ್ಶೆ ಈ ಹಾಡಿಗೆ ಬಂದಿಲ್ಲ ಎಂದು ನನ್ನ ಅನಿಸಿಕೆ. ಡೆರಿಯ ಗೆಳೆಯ ಇದನ್ನು ಒಪ್ಪಿಲ್ಲ, ನಮ್ಮ ವಾದ ಇನ್ನೂ ನಡೀತಿದೆ.