ಕಿವಿ ಹರಿದವನು, ರೆಕ್ಕೆ ಹರಿದವಳು

ನಮ್ಮ ಕೊಡಗಿನ ಸಿದ್ದಾಪುರ ಕಡೆ ತೋಟದಲ್ಲಿ ಆನೆ ಬಂದಿದೆ ಅಂದ್ರೆ ಸಾಲಲ್ಲ, ಯಾವ ಆನೆ ಅಂತ ಹೇಳ್ಬೇಕು. ನಮ್ಮ ತೋಟದ ಲೆಕ್ಕ ನೋಡೋ ರೈಟರ್ ಬೆಳಿಗ್ಗೆ ಆರೂವರೆಗೇ ಫೋನ್ ಮಾಡಿ "ಅಕ್ಕಾ, ಕೆರೆ ಕಡೆ ಹೋಗ್ಬೇಡಿ, ಎಡಗಿವಿ ಹರಿದವ್ನು ಹಲಸಿನ ಮರದಡೀಲಿ ನಿಂತಿದಾನೆ" ಅಂತಾರೆ. ಬಾಲದ ಕೂದಲು ಉದುರಿದವನಾದ್ರೆ ಅಷ್ಟೇನೂ ಹೆದರಲ್ಲ, ಅವನು ಹಣ್ಣು ತಿಂದು ಹೋಗೋನು.

ಕೊಯ್ಲು ಶುರುವಾಗೋ ಮೊದ್ಲು ಎರಡು ದಿನ ಬಿಡುವು ಮಾಡ್ಕೊಂಡು ಕಾರವಾರಕ್ಕೆ ಹೋಗಿದ್ದೆ, ದೇವಬಾಗ ಹತ್ರ ಬೋಟಿನವ್ರು ಇಂಜಿನ್ ಆಫ್ ಮಾಡಿ ಸುಮ್ನೆ ಕೂತ್ಕೊಳ್ಳಿ ಅಂದ್ರು, ಸ್ವಲ್ಪ ಹೊತ್ತಿಗೆ ಪಕ್ಕದಲ್ಲೇ ಫುಸ್ ಅಂತ ಉಸಿರು, ಬೂದು ಬಣ್ಣದ ಗೂನು ಬೆನ್ನು. ಹಂಪ್‌ಬ್ಯಾಕ್ ಡಾಲ್ಫಿನ್. ಬೆನ್ನಿನ ರೆಕ್ಕೆ ತುದಿ ಇಲಿ ಕಡಿದ ಅಕ್ಕಿರೊಟ್ಟಿ ಥರ ಇತ್ತು. "ಇವ್ಳು ಹೋದ್ವರ್ಷಾನೂ ಇದ್ಲು" ಅಂದ್ರು ಬೋಟಿನವ್ರು.

ಅಲ್ಲೇ ನಂಗೆ ನಮ್ಮ ರೈಟರ್ ನೆನಪಾಗಿದ್ದು.

ಮನೆಗೆ ಬಂದು ಓದ್ತಾ ಹೋದ್ರೆ ಸಂಶೋಧಕರು ಮಾಡೋದೂ ಇದನ್ನೇ, ರೆಕ್ಕೆ ಫೋಟೋ ತೆಗೆದು ಗಾಯದ ಗುರುತು ಹಿಡಿದು ಪ್ರತಿಯೊಂದನ್ನೂ ಬೇರೆ ಬೇರೆಯಾಗಿ ಲೆಕ್ಕ ಇಡೋದು. ಅಮೆರಿಕದ ಸಾರಸೋಟಾದಲ್ಲಿ 1970ರಿಂದ ಒಂದೇ ಕೊಲ್ಲಿಯ ಡಾಲ್ಫಿನ್‌ಗಳನ್ನ ಹಿಂಗೆ ನೋಡ್ತಾ ಬಂದಿದಾರೆ, ಅಲ್ಲಿ ನಿಕ್ಲೋ ಅನ್ನೋ ಅಜ್ಜಿ ಡಾಲ್ಫಿನ್ 67 ವರ್ಷ ಬದುಕಿದ್ದಳಂತೆ. ಆಸ್ಟ್ರೇಲಿಯಾದ ಶಾರ್ಕ್ ಬೇನಲ್ಲಿ ಕೆಲವು ತಾಯಂದಿರು ಸಮುದ್ರದ ಸ್ಪಂಜು ಮೂತಿಗೆ ಸಿಕ್ಕಿಸ್ಕೊಂಡು ತಳದ ಮರಳು ಕೆದಕ್ತಾರೆ, ಮೂತಿಗೆ ಏನೂ ಚುಚ್ಚದೇ ಇರ್ಲಿ ಅಂತ, ಅದನ್ನ ನೋಡಿ ಹೆಣ್ಣು ಮರಿಗಳು ಕಲೀತಾವೆ, ಗಂಡು ಮರಿಗಳಿಗೆ ಅಷ್ಟು ಆಸಕ್ತಿ ಇಲ್ಲ (ನಮ್ಮನೇಲೂ ಅಡುಗೆ ವಿಷಯ ಹಿಂಗೇ). ಗಂಡುಗಳು ಇಬ್ಬಿಬ್ರು, ಮೂರ್ಮೂರು ಜನ ಜೊತೆ ಕಟ್ಕೊಂಡು ವರ್ಷಗಟ್ಲೆ ಬಿಟ್ಟಿರಲ್ಲ. ಒಂದೊಂದಕ್ಕೂ ತನ್ನದೇ ಸಿಳ್ಳೆ, ನಮಗೆ ಹೆಸರಿದ್ದಂಗೆ.

ನಮ್ಮ ವನ್ಯಜೀವಿ ಕಾನೂನಲ್ಲಿ ಡಾಲ್ಫಿನ್ ಹುಲಿ, ಆನೆ ಜೊತೆ ಒಂದನೇ ಶೆಡ್ಯೂಲಲ್ಲೇ, ಅಂದ್ರೆ ಎಲ್ಲಕ್ಕಿಂತ ಹೆಚ್ಚು ರಕ್ಷಣೆ ಇರೋ ಪಟ್ಟೀಲೇ ಇದೆ. ಆದ್ರೆ ಈ ಗೂನು ಬೆನ್ನಿನವು ದಡದ ಹತ್ರಾನೇ ಓಡಾಡೋದು, ಮೀನು ಬಲೆ ಬಿಡೋದೂ ಅಲ್ಲೇ, ಸಿಕ್ಕಿಕೊಂಡ್ರೆ ಮೇಲೆ ಬಂದು ಉಸಿರಾಡೋಕಾಗದೆ ಸಾಯ್ತಾವೆ. ಬಲೆಯವ್ರನ್ನ ಬೈಯ್ಯೋದು ಸುಲಭ, ನಂಗಂತೂ ಬಾಯಿ ಬರಲ್ಲ, ಆನೆ ತುಳಿದ ಗಿಡ ಎಣಿಸಿದವಳು ನಾನು.

ಮೊನ್ನೆ ರೈಟರಿಗೆ ಕಾರವಾರದ ಫೋಟೋ ತೋರಿಸ್ದೆ. ಅವ್ರು ಜೂಮ್ ಮಾಡಿ, ಆ ಕಡೆ ಈ ಕಡೆ ಸರಿಸಿ, "ಮರೀನೂ ಇದೆಯಲ್ಲಕ್ಕಾ" ಅಂದ್ರು. ಫೋಟೋದ ಮೂಲೇಲಿ, ಅವಳ ಹಿಂದೇನೇ, ಒಂದು ಪುಟ್ಟ ಬೆನ್ನು. ಎರಡು ತಿಂಗಳಿಂದ ದಿನಾ ನೋಡ್ತಿದ್ದೆ ಆ ಫೋಟೋನ.