ಪ್ಲವಂಗ

ಅಮ್ಮನ ಟ್ರಂಕಿನಲ್ಲಿ ಅವಳ ಜಾತಕ ಸಿಕ್ಕಿತು. ಮಡಿಕೆಯಲ್ಲೆಲ್ಲಾ ಹರಿದ ಹಾಳೆ, ಅಂಚಿಗೆ ಹಚ್ಚಿದ ಅರಿಶಿನ ಇನ್ನೂ ಇದೆ. ಮೊದಲ ಸಾಲಿನಲ್ಲೇ ‘ಪ್ಲವಂಗ ನಾಮ ಸಂವತ್ಸರ’. 1967ರ ಯುಗಾದಿಗೆ ಶುರುವಾದ ವರ್ಷ ಅದು.

ಪ್ಲವಂಗ ಅಂದರೆ ಕೋತಿ ಅಂತ ನನಗೆ ಗೊತ್ತೇ ಇರಲಿಲ್ಲ! ಸಂಸ್ಕೃತದ ‘ಪ್ಲು’ ಧಾತುವಿಗೆ ತೇಲು, ನೆಗೆ ಎಂಬ ಅರ್ಥ. ನೆಗೆಯುತ್ತಾ ಹೋಗುವುದು ಪ್ಲವಂಗ. ಅಮರಕೋಶದಲ್ಲಿ ಕಪಿಯ ಪಕ್ಕದಲ್ಲೇ ಈ ಪದವಿದೆ. ಜೊತೆಗೆ ಶಾಖಾಮೃಗ, ಅಂದರೆ ಕೊಂಬೆ ಮೇಲಿನ ಪ್ರಾಣಿ. ಇನ್ನೊಂದು ವಲೀಮುಖ, ಸುಕ್ಕು ಮುಖದ್ದು. ಎಷ್ಟು ಹತ್ತಿರದಿಂದ ನೋಡಿ ಹೆಸರಿಟ್ಟಿದ್ದಾರೆ ಅಲ್ವಾ?

ಅರವತ್ತು ವರ್ಷದ ಸುತ್ತು ಮುಗಿದು 2027ರ ಯುಗಾದಿಗೆ ಪ್ಲವಂಗ ಮತ್ತೆ ಬರುತ್ತದೆ. ಅಮ್ಮನಿಗೆ ಹೇಳಿದೆ. ಹಾಳೆಯನ್ನು ಮೆಲ್ಲಗೆ ಮಡಚುತ್ತಾ, “ಆ ವರ್ಷ ಒಬ್ಬಟ್ಟು ನಾನೇ ತಟ್ಟುತ್ತೀನಿ” ಅಂದಳು.