ಪೊರ್ತುದ ಪುರಿ

ಬಾಯಾರು
ಏಪ್ರಿಲ್ 27, 2025, ಭಾನುವಾರ

ಕೈ ಇನ್ನೂ ಸಣ್ಣಗೆ ನಡುಗುತ್ತಿದೆ. ಮಗ ಮಲಗಿದ್ದಾನೆ. ಹೊದಿಕೆ ಸರಿಮಾಡುವ ನೆವದಲ್ಲಿ ಎರಡು ಸಲ ಎದ್ದು ಹೋಗಿ ಅವನ ಎದೆ ಏರಿಳಿಯುವುದನ್ನು ನೋಡಿ ಬಂದೆ.

ಮಧ್ಯಾಹ್ನ ಊಟ ಮುಗಿಸಿ ಪಾತ್ರೆ ತೊಳೆದು ಬಂದರೆ ಇವನಿಲ್ಲ. ಚಾವಡಿಯಲ್ಲಿಲ್ಲ, ಹಟ್ಟಿಯ ಹತ್ತಿರ ಇಲ್ಲ, ಗೇರುಮರದ ಬುಡದಲ್ಲೂ ಇಲ್ಲ. ಅತ್ತೆ ಆ ಮೊಣಕಾಲು ನೋವಿನಲ್ಲೇ ಕೆರೆಯ ಕಡೆಗೆ ಓಡಿದರು. ಇವರು ಬೈಕು ತೆಗೆದು ರಸ್ತೆಗೆ ಹೋದರು. ನಾನು ತೋಟವೆಲ್ಲ ಸುತ್ತಿ ಕೊನೆಗೆ ಗುಡ್ಡ ಹತ್ತಿದೆ. ನೀರಿಗಾಗಿ ಗುಡ್ಡದೊಳಗೆ ಅಡ್ಡಕ್ಕೆ ತೋಡಿದ ಸುರಂಗದ ಬಾಯಲ್ಲಿ ಅವನ ಚಪ್ಪಲಿ. ದೇವಸ್ಥಾನದ ಹೊರಗೆ ಬಿಟ್ಟ ಹಾಗೆ, ಜೋಡಿಸಿ.

ಕೂಗಿದೆ. ಉತ್ತರ ಇಲ್ಲ.

ಮದುವೆಯಾಗಿ ಬಂದು 14 ವರ್ಷ ಆಯಿತು, ಕುಡಿದದ್ದು ಇದೇ ನೀರು. ಒಳಗೆ ಕಾಲಿಟ್ಟದ್ದು ಇವತ್ತೇ. ಪಾದ ಮುಳುಗುವಷ್ಟು ನೀರು, ಎರಡೂ ಭುಜಕ್ಕೆ ತಾಗುವ ಮುರಕಲ್ಲಿನ ಗೋಡೆ, ಮುಖಕ್ಕೆ ಹಾರಿದ ಬಾವಲಿ. ತಿರುವು ದಾಟಿದ ಮೇಲೆ ಸಿಕ್ಕಿದ. ಟಾರ್ಚು ಆರಿಸಿಕೊಂಡು ಕುಕ್ಕರುಗಾಲಲ್ಲಿ ಕೂತಿದ್ದ, ಮಡಿಲಲ್ಲಿ ಜಾಮಿನ ಖಾಲಿ ಬಾಟ್ಲಿ.

"ಅಮ್ಮಾ, ಬೆಳಕು ಹಾಕಬೇಡ. ಅದು ಬರುವುದಿಲ್ಲ."

ಹೊರಗೆ ಎಳೆದು ತಂದು ಹೊಡೆದೆ. ಎರಡು ಪೆಟ್ಟು. ಎಷ್ಟು ಹೊತ್ತು ಒಳಗಿದ್ದೆ ಗೊತ್ತುಂಟಾ ಎಂದು ಕೇಳಿದರೆ, ಬಿಕ್ಕುತ್ತಾ "ಹತ್ತು ನಿಮಿಷ" ಅಂದ. ಗಂಟೆ ಆಗಲೇ 3:30. ಊಟದ ಬೆನ್ನಿಗೇ ಹೋದವನು, ಏನಿಲ್ಲವೆಂದರೂ ಒಂದೂವರೆ ಗಂಟೆ. ಅದನ್ನು ಹೇಳಿದ್ದೇ ತಡ, ಅಳು ನಿಂತಿತು. ಕಣ್ಣು ಇಷ್ಟಗಲ ಮಾಡಿ ನನ್ನನ್ನೇ ನೋಡಿದ.

"ಹಾಗಾದರೆ ಅದು ಅಲ್ಲೇ ಇತ್ತು ಅಮ್ಮ. ತಿಂದಿದೆ."

ಪೊರ್ತುದ ಪುರಿ. ತುಳುವಿನಲ್ಲಿ ಹೊತ್ತಿನ ಹುಳ. ಹೋದ ವಾರ ಸುರಂಗದ ಕೆಸರು ತೆಗೆಸುವಾಗ ನೋಡಿ ಹೇಳಲು ಬಂದಿದ್ದ ಅಜ್ಜ ಇವನಿಗೆ ಹೇಳಿಕೊಟ್ಟದ್ದು. ಈ ಸುರಂಗ ತೋಡಿದವರೇ ಅವರು. ಇವನು ಡ್ರಾಯಿಂಗ್ ಪುಸ್ತಕದಲ್ಲಿ ಒಂದು ಪುಟ ಪೂರ್ತಿ ಬರೆದಿಟ್ಟಿದ್ದಾನೆ: ಅಕ್ಕಿಕಾಳಿನಷ್ಟು ದೊಡ್ಡದು. ಕಣ್ಣಿಲ್ಲ. ಮುರಕಲ್ಲಿನ ತೂತಿನಲ್ಲಿ ವಾಸ. ಒಳಗಿನ ಹೊತ್ತನ್ನು ತಿಂದು ಸುರಂಗದ ಬಾಯಲ್ಲಿ ತಂದು ಉಗಿಯುತ್ತದೆ. ಹಾಗಾಗಿ ಒಳಗಿದ್ದವನಿಗೆ ಹೊತ್ತು ಕಡಿಮೆ, ಹೊರಗಿದ್ದವನಿಗೆ ಜಾಸ್ತಿ.

ಕೊನೆಯ ಸಾಲು ಓದಿದಾಗ ಹೊಟ್ಟೆಯೊಳಗೆ ಏನೋ ಆಯಿತು. ಚಪ್ಪಲಿ ಕಂಡ ಹೊತ್ತಿನಿಂದ ಅವನು ಸಿಕ್ಕುವವರೆಗೆ ಐದು ನಿಮಿಷವೂ ಆಗಿರಲಾರದು. ನನಗೆ ಅದು ಇನ್ನೂ ಮುಗಿದಿಲ್ಲ.

ಸಂಜೆ ಸಿಟ್ಟಿನಲ್ಲೇ ಅಜ್ಜನ ಮನೆಗೆ ಹೋದೆ. ಮಕ್ಕಳಿಗೆ ಯಾಕೆ ಇಂಥದ್ದನ್ನೆಲ್ಲ ಹೇಳುವುದು ಎಂದು ಕೇಳಿಯೇಬಿಟ್ಟೆ. ಅಜ್ಜ ಜಗಲಿಯಲ್ಲಿ ಎಲೆಗೆ ಸುಣ್ಣ ಹಚ್ಚುತ್ತಿದ್ದರು. ತಲೆ ಎತ್ತದೆ, ಮಗು ಸರಿ ಉಂಟಾ ಎಂದು ಮೊದಲು ಕೇಳಿದರು. ಉಂಟು ಎಂದ ಮೇಲೆ ಮಾತಾಡಿದರು. ಅವರು ಹೇಳಿದ್ದು ತುಳುವಿನಲ್ಲಿ, ನಾನು ಕನ್ನಡದಲ್ಲಿ ಬರೆಯುತ್ತಿದ್ದೇನೆ.

"ಹುಳವನ್ನು ನಾನು ನೋಡಿಲ್ಲ ಅಕ್ಕಾ. ಅದರ ಕೆಲಸ ನೋಡಿದ್ದೇನೆ. ಪಿಕ್ಕಾಸು ಹಿಡಿದು ಒಳಗೆ ಹೋದವನಿಗೆ ಈಗಷ್ಟೇ ಬಂದೆ ಅಂತ ಕಾಣ್ತದೆ, ಹೊರಗೆ ಸಂಜೆ ಆಗಿರ್ತದೆ. ಗಾಳಿ ಮುಗಿದದ್ದೂ ಗೊತ್ತಾಗುವುದಿಲ್ಲ. ಮೇಣದ ಬತ್ತಿ ಸಣ್ಣಗಾದರೆ ಹೊರಡಬೇಕು. ಆದರೆ ನೀರಿನ ತಂಪು ಸಿಕ್ಕಿದ ಮೇಲೆ ಇನ್ನೆರಡು ಪೆಟ್ಟು, ಇನ್ನೆರಡು ಪೆಟ್ಟು ಅಂತ ಆಸೆ. ಗಾಳಿ ಇಲ್ಲ ಬಾ ಅಂತ ಕೂಗಿದರೆ ಯಾರೂ ಬರುವುದಿಲ್ಲ. ಪುರಿ ಕೂತಿತು ಬಾ ಅಂದರೆ ಬರ್ತಾರೆ."

ಕೂಗುತ್ತಿದ್ದದ್ದು ಯಾರು?

"ನಾನು. ಅಣ್ಣ ಒಳಗೆ, ನಾನು ಬಾಯಲ್ಲಿ. ಮಣ್ಣು ಹೊರುವುದು, ಕೂಗುವುದು. ನನಗೆ ಆಗ ನಿಮ್ಮ ಮಗನಷ್ಟೇ ಪ್ರಾಯ." ಸ್ವಲ್ಪ ಹೊತ್ತು ಅಡಿಕೆ ಜಗಿದರು. "ಅಗೆಯುವುದು ಸುಲಭ ಅಕ್ಕಾ. ನಾನು ಬೇಗ ದೊಡ್ಡವನಾಗಿ ಒಳಗೆ ಹೋಗುವ ಹಾಗಾಗಲಿ ಅಂತ ಹರಕೆ ಹೇಳಿಕೊಂಡಿದ್ದೆ."

ನನ್ನ ಸಿಟ್ಟು ಎಲ್ಲಿ ಹೋಯಿತೋ. ಬೆಲ್ಲ ನೀರು ಕುಡಿದು ಬಂದೆ.

ನಿದ್ದೆ ಬಾರದೆ ಫೋನಿನಲ್ಲಿ ಹುಡುಕುತ್ತಾ ಕೂತಿದ್ದೆ. ಫ್ರಾನ್ಸಿನ ಮಿಶೆಲ್ ಸಿಫ್ರ್ ಎಂಬ ಭೂವಿಜ್ಞಾನಿ 1962ರಲ್ಲಿ, 23ರ ಪ್ರಾಯದಲ್ಲಿ, ಗಡಿಯಾರ ಇಲ್ಲದೆ ಆಲ್ಪ್ಸ್‌ನ ಗುಹೆಯೊಂದರಲ್ಲಿ ಎರಡು ತಿಂಗಳು ಇದ್ದರಂತೆ. ಹೊರಗೆ ಸೆಪ್ಟೆಂಬರ್ 14, ಅವರ ಲೆಕ್ಕದಲ್ಲಿ ಆಗಸ್ಟ್ 20. ಸೆಕೆಂಡಿಗೊಂದರಂತೆ 120ರವರೆಗೆ ಎಣಿಸಿದ್ದೇನೆ ಅಂದುಕೊಂಡದ್ದಕ್ಕೆ ಹೊರಗಿನವರ ಗಡಿಯಾರದಲ್ಲಿ ಐದು ನಿಮಿಷ ಹಿಡಿದಿತ್ತು. ಇವನ ಹತ್ತು ನಿಮಿಷವೂ ಸುಳ್ಳಲ್ಲ. ಸುಳ್ಳು ಹೇಳಿದ್ದಕ್ಕೆ ಅಂತ ನಾನು ಹೊಡೆದದ್ದಲ್ಲ ನಿಜ, ಆದರೂ.

ಇನ್ನೊಂದು ಓದಿದೆ, ನಾಳೆ ಅವನಿಗೆ ಹೇಳಬೇಕು. 1955ರಲ್ಲಿ ಪ್ಯಾರಿಸ್ಸಿನ ಮುಚ್ಚಿದ ಕೋಣೆಯೊಂದರಲ್ಲಿ ನಿಗದಿತ ಹೊತ್ತಿಗೆ ಸಕ್ಕರೆ ನೀರು ಕೊಟ್ಟು ಅಭ್ಯಾಸ ಮಾಡಿಸಿದ ಜೇನುಹುಳಗಳನ್ನು ವಿಮಾನದಲ್ಲಿ ನ್ಯೂಯಾರ್ಕಿಗೆ ಒಯ್ದರು. ಅಲ್ಲಿಯೂ ಅವು ಪ್ಯಾರಿಸ್ಸಿನ ಹೊತ್ತಿಗೆ ಸರಿಯಾಗಿಯೇ ಹೊರಗೆ ಬಂದವು. ಹೊತ್ತು ಹಿಡಿದಿಟ್ಟುಕೊಳ್ಳುವ ಹುಳ ನಿಜವಾಗಿಯೂ ಉಂಟು ಮಗ, ನಮ್ಮ ತೋಟದ ಪೆಟ್ಟಿಗೆಯಲ್ಲೇ ಉಂಟು. ಅದನ್ನು ನೋಡಲು ಕತ್ತಲೆಗೆ ಹೋಗಬೇಕಾಗಿಲ್ಲ.

ಸುರಂಗಕ್ಕೆ ಕಬ್ಬಿಣದ ಗೇಟು ಮಾಡಿಸುವ ಎಂದು ಇವರು ಹೇಳುತ್ತಿದ್ದಾರೆ. ಮಾಡಿಸಲಿ, ನಾಳೆಯೇ ಆಗಲಿ. ಸುರಂಗವನ್ನೇ ಮುಚ್ಚುವ ಮಾತು ಮಾತ್ರ ಬೇಡ. ಆಚೆ ಮನೆಯ ಬೋರ್‌ವೆಲ್ ಈ ತಿಂಗಳು ಬತ್ತಿದೆ, ನಮ್ಮ ಸುರಂಗದಲ್ಲಿ ಬೆರಳು ಗಾತ್ರದ ನೀರು ಇನ್ನೂ ಹರಿಯುತ್ತಲೇ ಉಂಟು.

ಹೊರಡುವಾಗ ಅಜ್ಜ ಒಂದು ಮಾತು ಹೇಳಿದರು, ಅದೇ ಕೊರೆಯುತ್ತಿದೆ. "ಹೊಡೆದರೆ ಅವನಿಗೆ ಅರ್ಥ ಆಗುವುದಿಲ್ಲ. ಒಮ್ಮೆ ಬತ್ತಿ ಹಿಡಿದುಕೊಂಡು ನೀವು ಒಳಗೆ ಹೋಗಿ, ಅವನು ಬಾಯಲ್ಲಿ ಕೂತು ನಿಮ್ಮನ್ನು ಕೂಗಲಿ. ನಾನೂ ಬರ್ತೇನೆ, ಪಕ್ಕದಲ್ಲಿ ಇರ್ತೇನೆ."

ಅರ್ಥ ಆಗುತ್ತದೆ, ಖಂಡಿತ ಆಗುತ್ತದೆ. ಆದರೆ ಒಂಬತ್ತು ವರ್ಷದವನನ್ನು ಆ ಚಪ್ಪಲಿ ಬಿಟ್ಟ ಜಾಗದಲ್ಲಿ ಕೂರಿಸಿ, ನಾನು ತಿರುವು ದಾಟಿ ಹೋಗಿ, ಅವನು ಅಮ್ಮಾ ಎಂದು ಕೂಗಿದ್ದು ನನಗೆ ಕೇಳದೆ ಇದ್ದರೆ